ಬೇಣಾರೆ ಬಾಯಿಯ ಪಾತ್ರಕ್ಕೆ ಸುಲಭಾ ದೇಶಪಾಂಡೆ ಅವರಿಂದ ನಾನು ಕಲಿತದ್ದು

ಮುಂಬೈಯ ನಮ್ಮ ಹವ್ಯಾಸಿ ಕನ್ನಡ ನಾಟಕ ತಂಡದಲ್ಲಿ ನನಗೆ ಲೀಲಾ ಬೇಣಾರೆಯ ಪಾತ್ರ ಬಂತು. ವಿಜಯ್ ತೆಂಡೂಲ್ಕರ್ ಅವರ 'ಶಾಂತತಾ! ಕೋರ್ಟ್ ಚಾಲೂ ಆಹೆ' ನಾಟಕದ ಬೇಣಾರೆ. ಕನ್ನಡದಲ್ಲಿ 'ಸದ್ದು! ವಿಚಾರಣೆ ನಡೆಯುತ್ತಿದೆ' ಅಂದರೆ ನಾಟಕ ನೋಡುವವರಿಗೆಲ್ಲ ಗೊತ್ತಾಗುತ್ತದೆ. ಬೇಣಾರೆ ಶಾಲೆಯ ಟೀಚರ್. ನಾನೂ ಟೀಚರ್, ಪಾಲಿಕೆಯ ಕನ್ನಡ ಶಾಲೆಯಲ್ಲಿ. 1967ರಲ್ಲಿ ಮರಾಠಿ ರಂಗಭೂಮಿಯ ಮೇಲೆ ಈ ಪಾತ್ರಕ್ಕೆ ಮೊದಲು ಜೀವ ಕೊಟ್ಟ ಸುಲಭಾ ದೇಶಪಾಂಡೆ ಕೂಡ ಟೀಚರ್ ಆಗಿದ್ದವರೇ. ದಾದರಿನ ಛಬಿಲ್‌ದಾಸ್ ಶಾಲೆಯಲ್ಲಿ ಪಾಠ ಮಾಡುತ್ತಾ, ಮಕ್ಕಳಿಗೆ ನಾಟಕ ಕಲಿಸುತ್ತಾ ಅವರು ರಂಗಕ್ಕೆ ಬಂದವರು. ಇದು ಗೊತ್ತಾದ ಮೇಲೆ ನನ್ನ ತಯಾರಿಯ ದಾರಿಯೇ ಬದಲಾಯಿತು. ಬೇಣಾರೆಯನ್ನು ದುರಂತ ನಾಯಕಿ ಅಂತ ನೋಡುವುದನ್ನು ಬಿಟ್ಟೆ. ಅವಳು ಬೆಳಿಗ್ಗೆ ಗಂಟೆ ಹೊಡೆಯುವ ಮೊದಲೇ ತರಗತಿಗೆ ಹೋಗುವ ಹೆಂಗಸು. ಅಲ್ಲಿಂದ ಶುರು ಮಾಡಿದೆ.

ಸುಲಭಾ ಅವರು 1937ರಲ್ಲಿ ಮುಂಬೈಯಲ್ಲೇ ಹುಟ್ಟಿದವರು. 1960ರಲ್ಲಿ ವಿಜಯಾ ಮೆಹ್ತಾ, ತೆಂಡೂಲ್ಕರ್, ಅರವಿಂದ ದೇಶಪಾಂಡೆ, ಶ್ರೀರಾಮ್ ಲಾಗೂ ಇವರೆಲ್ಲ ಸೇರಿ 'ರಂಗಾಯನ್' ತಂಡ ಕಟ್ಟಿದರು. ನಮ್ಮ ಮೈಸೂರಿನ ರಂಗಾಯಣ ಬೇರೆ, ಅದು ಬಂದದ್ದು ಎಷ್ಟೋ ವರ್ಷ ಆಮೇಲೆ. ಆಗ ಮರಾಠಿಯಲ್ಲಿ ದೊಡ್ಡ ಥಿಯೇಟರುಗಳ ವ್ಯಾವಸಾಯಿಕ ನಾಟಕಗಳದ್ದೇ ಭರಾಟೆ. ರಂಗಾಯನ್ ಹುಡುಕುತ್ತಿದ್ದದ್ದು ಹೊಸ ಬರಹ, ಹೊಸ ಅಭಿನಯ. ಸುಲಭಾ ಬೆಳೆದದ್ದು ಆ ವಾತಾವರಣದಲ್ಲಿ. ಅರವಿಂದ ದೇಶಪಾಂಡೆ ಸುಲಭಾ ಅವರ ಪತಿ. ಬೇಣಾರೆ ನಾಟಕದ ನಿರ್ದೇಶಕರೂ ಅವರೇ.

ನಾಟಕ ಹುಟ್ಟಿದ ಕತೆ ಮುಂಬೈಯವರಿಗೆ ತುಂಬಾ ಇಷ್ಟ. ಹವ್ಯಾಸಿ ತಂಡವೊಂದು ಅಣಕು ನ್ಯಾಯಾಲಯ ಆಡಲು ಹೊರಟಿತ್ತು. ಅವರ ಮಾತು ತೆಂಡೂಲ್ಕರ್ ಕಿವಿಗೆ ಬಿತ್ತು. ಅಲ್ಲಿಂದ ನಾಟಕ ಮೊಳೆಯಿತು. ನಾಟಕದಲ್ಲೂ ಅಂಥದ್ದೇ ಒಂದು ತಂಡ ಹಳ್ಳಿಯ ಹಾಲ್‌ಗೆ ಬಂದಿದೆ. ಆಟಕ್ಕೆ ಇನ್ನೂ ಹೊತ್ತಿದೆ. ಸುಮ್ನೆ ಹೊತ್ತು ಕಳೆಯಲು ಬೇಣಾರೆಯನ್ನೇ ಆರೋಪಿ ಮಾಡಿ ವಿಚಾರಣೆ ಶುರು ಮಾಡುತ್ತಾರೆ. ಭ್ರೂಣಹತ್ಯೆಯ ಆರೋಪ. ಆಟ ಅಂದುಕೊಂಡದ್ದು ಮೆಲ್ಲಗೆ ನಿಜವಾಗುತ್ತದೆ. ಮದುವೆಯಾಗದ ಬೇಣಾರೆ ನಿಜಕ್ಕೂ ಬಸುರಿ. ಅದಕ್ಕೆ ಕಾರಣನಾದ ಪ್ರೊಫೆಸರ್ ದಾಮ್ಲೆ ಆ ದಿನ ಬಂದೇ ಇಲ್ಲ. ಅವನ ಕುರ್ಚಿ ಖಾಲಿ, ಅವನ ಮೇಲೆ ಕೇಸೂ ಇಲ್ಲ.

ನನ್ನ ಕೆಲಸಕ್ಕೆ ಬರುತ್ತೇನೆ.

ಮೊದಲ ಅಂಕದಲ್ಲಿ ಬೇಣಾರೆ ತುಂಬಾ ಮಾತಾಡುತ್ತಾಳೆ. ನಗುತ್ತಾಳೆ, ಹಾಡುತ್ತಾಳೆ, ಎಲ್ಲರನ್ನೂ ಅಣಕಿಸುತ್ತಾಳೆ, ತನ್ನ ತರಗತಿಯ ಮಕ್ಕಳನ್ನು ಹೊಗಳುತ್ತಾಳೆ. ಜಾಸ್ತಿ ಜನ ಇದನ್ನು 'ಒಳಗಿನ ನೋವನ್ನು ಮುಚ್ಚಿಡುವ ನಗು' ಅಂತ ಆಡುತ್ತಾರೆ. ನಾನು ಹಾಗೆ ಮಾಡಬಾರದು ಅಂತ ತೀರ್ಮಾನಿಸಿದೆ. ಟೀಚರ್‌ಗಳ ಉತ್ಸಾಹ ನನಗೆ ಗೊತ್ತು. ನಲವತ್ತು ಮಕ್ಕಳ ಎದುರು ದಿನವಿಡೀ ನಿಂತವಳ ದನಿ ಸಂಜೆಯಾದರೂ ಇಳಿಯುವುದಿಲ್ಲ. ಬಸ್ಸಿನಲ್ಲಿ ಕೂತರೂ ಪಕ್ಕದವರ ಜೊತೆ ಕೊನೆಯ ಬೆಂಚಿಗೆ ಕೇಳುವ ಹಾಗೆ ಮಾತಾಡುತ್ತೇವೆ. ಬೇಣಾರೆಯ ನಗು ಅದೇ. ಅದು ಮುಖವಾಡ ಅಲ್ಲ, ಅವಳ ಕಸುಬು. ಆ ನಗು ಸಾಚಾ ಇದ್ದರೆ ಮಾತ್ರ ಅದನ್ನು ಅವಳಿಂದ ಕಿತ್ತುಕೊಂಡಾಗ ನೋಡುವವರಿಗೆ ಉರಿಯುತ್ತದೆ.

ಅದಕ್ಕೆ ನಾನು ಶಾಲೆಯಲ್ಲಿ ನನ್ನನ್ನೇ ಗಮನಿಸತೊಡಗಿದೆ. ಗಲಾಟೆ ನಿಲ್ಲಿಸಲು ನಾನು ದನಿ ಏರಿಸುವುದಿಲ್ಲ, ತಗ್ಗಿಸುತ್ತೇನೆ. ಪ್ರಶ್ನೆ ಕೇಳಿ ಗದ್ದ ಸ್ವಲ್ಪ ಮೇಲೆತ್ತಿ ಕಾಯುತ್ತೇನೆ. ಸೀಮೆಸುಣ್ಣ ಹಿಡಿದ ಬೆರಳುಗಳನ್ನು ಸೀರೆಗೆ ತಾಗದ ಹಾಗೆ ದೂರ ಹಿಡಿಯುತ್ತೇನೆ. ಇವೆಲ್ಲ ಬೇಣಾರೆಯೊಳಗೆ ಹೋದವು. ನಾಟಕದ ಶುರುವಿನಲ್ಲಿ ಬಾಗಿಲ ಚಿಲಕಕ್ಕೆ ಅವಳ ಬೆರಳು ಸಿಕ್ಕಿಕೊಂಡು ನೋವಾಗುತ್ತದೆ, ಬೆರಳು ಬಾಯಲ್ಲಿಟ್ಟುಕೊಂಡು ಒಳಗೆ ಬರುತ್ತಾಳೆ. ತೆಂಡೂಲ್ಕರ್ ಎಷ್ಟು ಲೆಕ್ಕ ಹಾಕಿ ಬರೆದಿದ್ದಾರೆ ನೋಡಿ. ಅದೇ ಚಿಲಕ ಆಮೇಲೆ ಅವಳು ಹೊರಗೆ ಓಡಲು ಹೋದಾಗ ತೆಗೆಯಲು ಬರುವುದಿಲ್ಲ. ಆ ಬೆರಳನ್ನು ನಾನು ಮೂರೂ ಅಂಕಗಳಲ್ಲಿ ಮರೆಯಲಿಲ್ಲ. ಪರ್ಸ್ ತೆರೆಯುವಾಗ, ಕುರ್ಚಿ ಎಳೆಯುವಾಗ ಆ ಒಂದು ಬೆರಳನ್ನು ಬಳಸುತ್ತಿರಲಿಲ್ಲ. ಯಾರಾದರೂ ನೋಡಿದರೋ ಇಲ್ಲವೋ, ನನ್ನ ಮೈಗೆ ಅದು ನೆನಪಿರಬೇಕಿತ್ತು.

ಅತಿ ಕಷ್ಟದ ಭಾಗ ಯಾವುದು ಅಂತ ಎಲ್ಲರೂ ಕೇಳುತ್ತಾರೆ. ಕೊನೆಯ ಸ್ವಗತ ಅಂತ ಅಂದುಕೊಂಡಿರುತ್ತಾರೆ. ನನಗೆ ಅದಕ್ಕಿಂತ ಕಷ್ಟವಾದದ್ದು ಅದಕ್ಕೂ ಮುಂಚಿನ ಮೌನ. ಮೂರನೆಯ ಅಂಕದ ಬಹುಪಾಲು ಬೇಣಾರೆ ಮಾತೇ ಆಡುವುದಿಲ್ಲ. ಕಾಶೀಕರ್ ನ್ಯಾಯಾಧೀಶನ ಕುರ್ಚಿಯಲ್ಲಿ ಕೂತು ಕಿವಿ ಕೆರೆದುಕೊಳ್ಳುತ್ತಾನೆ. ಸುಖಾತ್ಮೆ ವಕೀಲನ ಗತ್ತಿನಲ್ಲಿ ಒಬ್ಬೊಬ್ಬ ಸಾಕ್ಷಿಯನ್ನೂ ಕರೆಯುತ್ತಾನೆ. ಒಬ್ಬೊಬ್ಬರೂ ಅವಳ ಬದುಕಿನ ಒಂದೊಂದು ತುಣುಕನ್ನು ಎಲ್ಲರೆದುರು ಬಿಚ್ಚುತ್ತಾರೆ. ಅವಳು ಕೂತೇ ಇರಬೇಕು. ಪ್ರತಿ ಮಾತಿಗೂ ಮುಖ ಕಿವುಚಿದರೆ ಪ್ರೇಕ್ಷಕರ ಕೆಲಸವನ್ನು ನಾವೇ ಮಾಡಿ ಮುಗಿಸಿದ ಹಾಗೆ. ಏನೂ ಮಾಡದೆ ಕೂತರೆ ಗೊಂಬೆ ಕೂತ ಹಾಗೆ.

ಇಲ್ಲಿ ನನಗೆ ದಾರಿ ತೋರಿಸಿದ್ದು ಸುಲಭಾ ಅವರ ಸಿನಿಮಾ. 1971ರಲ್ಲಿ ಸತ್ಯದೇವ್ ದುಬೆ ಇದೇ ನಾಟಕವನ್ನು ಮರಾಠಿಯಲ್ಲಿ ಚಿತ್ರ ಮಾಡಿದರು. ಚಿತ್ರಕಥೆ ನಮ್ಮ ಗಿರೀಶ್ ಕಾರ್ನಾಡರದ್ದು, ಕ್ಯಾಮೆರಾ ಗೋವಿಂದ್ ನಿಹಲಾನಿ ಅವರದ್ದು. ಬೇಣಾರೆಯಾಗಿ ಸುಲಭಾ ಅವರೇ. ಸಂಭಾಷಣೆ ಪೂರ್ತಿ ಬಾಯಿಗೆ ಬರುವವರೆಗೂ ನಾನು ಆ ಸಿನಿಮಾ ನೋಡಲಿಲ್ಲ. ನೋಡಿದ ಮೇಲೂ ಸ್ವಗತ ಬಂದಾಗ ಕಣ್ಣು ಮುಚ್ಚಿಕೊಂಡೆ. ಅವರ ಏರಿಳಿತ ನನ್ನ ಕಿವಿಯಲ್ಲಿ ಕೂತರೆ ನನ್ನದು ನಕಲಾಗುತ್ತಿತ್ತು. ಆದರೆ ಅವರು ಕೇಳಿಸಿಕೊಳ್ಳುವ ಜಾಗಗಳನ್ನು ಮತ್ತೆ ಮತ್ತೆ ಹಾಕಿ ನೋಡಿದೆ. ನನಗೆ ಅಲ್ಲಿ ಕಂಡದ್ದು ಇದು: ಅವರು ನೋವನ್ನು ತೋರಿಸಲು ಕೂತಿಲ್ಲ, ಮುಂದಿನ ಮಾತು ಏನಿರಬಹುದು ಅಂತ ಕಾಯುತ್ತಾ ಕೂತಿದ್ದಾರೆ. ಆ ಮಾತು ಬಾರದಿರಲಿ ಅಂತ ಕಾಯುತ್ತಿದ್ದಾರೆ. ನನಗೂ ಮಾಡಲು ಒಂದು ಕೆಲಸ ಸಿಕ್ಕಿತು. ಪ್ರತಿ ಸಾಕ್ಷಿ ಬಾಯಿ ತೆರೆಯುವ ಮೊದಲು 'ಇವನು ಅದೊಂದನ್ನು ಮಾತ್ರ ಹೇಳದಿರಲಿ' ಅಂತ ಒಳಗೇ ಹೇಳಿಕೊಳ್ಳುತ್ತಿದ್ದೆ. 'ಅದೊಂದು' ಏನು ಅಂತ ಒಬ್ಬೊಬ್ಬರಿಗೂ ಬೇರೆ ಬೇರೆ ಇಟ್ಟುಕೊಂಡಿದ್ದೆ.

ಪೋಂಕ್ಷೆಯ ಸಾಕ್ಷಿ ಬರುವಾಗ ಇದು ಚೆನ್ನಾಗಿ ಕೆಲಸ ಮಾಡಿತು. ಬೇಣಾರೆ ತನ್ನನ್ನು ಉಡುಪಿ ಹೋಟೆಲಿಗೆ ಕರೆಸಿ ಮಾತಾಡಿದಳು ಅಂತ ಅವನು ಹೇಳುತ್ತಾನೆ. ಮಾಟುಂಗಾದ ಕನ್ನಡ ಪ್ರೇಕ್ಷಕರಿಗೆ ಉಡುಪಿ ಹೋಟೆಲ್ ಅಂದರೆ ಮನೆಯ ಮಾತು, ಅಲ್ವಾ? ಒಂದು ಸಣ್ಣ ನಗು ಎದ್ದೇ ಏಳುತ್ತಿತ್ತು. ಆ ನಗು ಇನ್ನೂ ಇಳಿದಿರುವುದಿಲ್ಲ, ಅವಳ ಪರ್ಸಿನಿಂದ ಟಿಕ್-20 ಬಾಟಲಿ ಉರುಳಿದ ವಿಷಯ ಬರುತ್ತದೆ. ತಿಗಣೆಗೆ ಹಾಕುವ ವಿಷ. ಹಾಲ್ ತಣ್ಣಗಾಗುತ್ತಿತ್ತು. ಆಗ ನಾನು ಮಾಡುತ್ತಿದ್ದದ್ದು ಇಷ್ಟೇ: ತೊಡೆಯ ಮೇಲಿದ್ದ ಪರ್ಸನ್ನು ಸ್ವಲ್ಪ ಹತ್ತಿರ ಎಳೆದುಕೊಳ್ಳುವುದು.

ಸ್ವಗತದ ಬಗ್ಗೆಯೂ ಹೇಳುತ್ತೇನೆ. ಹೇಳುವುದೇನಾದರೂ ಇದ್ದರೆ ಹೇಳು ಅಂತ ನ್ಯಾಯಾಧೀಶ ಅವಳಿಗೆ ಕೊಡುವುದು ಹತ್ತು ಸೆಕೆಂಡ್. ಅಷ್ಟರಲ್ಲಿ ಉಳಿದವರೆಲ್ಲ ಸ್ತಬ್ಧರಾಗುತ್ತಾರೆ, ಅವಳೊಬ್ಬಳೇ ಮಾತಾಡುತ್ತಾಳೆ. ಪುಟಗಟ್ಟಲೆ ಮಾತು. ನಾನು ಪೆನ್ಸಿಲ್ ಹಿಡಿದು, ಯಾರ ಜೊತೆ ಮಾತಾಡುತ್ತಿದ್ದಾಳೆ ಅನ್ನುವುದರ ಮೇಲೆ ಅದನ್ನು ತುಂಡು ಮಾಡಿದೆ. ಇಷ್ಟು ಕೋರ್ಟಿಗೆ. ಇಷ್ಟು ಅವಳ ತರಗತಿಗೆ. ಚಿಕ್ಕವಳಿದ್ದಾಗ ತಾನು ಪ್ರೀತಿಸಿದ, ತನಗೆ ಮೋಸ ಮಾಡಿದ ಸೋದರಮಾವನ ನೆನಪು ಬಂದಾಗ ತನ್ನ ಮೈಗೆ. ಕೊನೆಗೆ ಹೊಟ್ಟೆಯ ಕೂಸಿಗೆ. ಪ್ರತಿ ತುಂಡಿಗೂ ಕಣ್ಣು ನೆಡುವ ಜಾಗ ಬೇರೆ. ಕೋರ್ಟಿನ ಭಾಗವನ್ನು ನಾನು ಪಾಠ ಮಾಡುವ ದನಿಯಲ್ಲೇ ಹೇಳಿದೆ, ಅರ್ಥವಾಗದ ಹುಡುಗನಿಗೆ ಇನ್ನೊಮ್ಮೆ ಬಿಡಿಸಿ ಹೇಳುವ ಹಾಗೆ. ನಡುವೆ ಅಳಬಾರದು ಅಂತ ಗಟ್ಟಿ ಮಾಡಿಕೊಂಡೆ. ಬೇಣಾರೆ ಅತ್ತರೆ ಪ್ರೇಕ್ಷಕರು ಅಯ್ಯೋ ಪಾಪ ಅಂದು ಹಗುರಾಗುತ್ತಾರೆ, ಕೋರ್ಟು ತಪ್ಪಿಸಿಕೊಳ್ಳುತ್ತದೆ. ದಿನವಿಡೀ ಪಾಠ ಮಾಡಿದ ಗಂಟಲಿಗೆ ಸಂಜೆ ಈ ಭಾಗ ಭಾರ. ತಾಲೀಮಿನಲ್ಲಿ ಅದನ್ನು ಪಿಸುದನಿಯಲ್ಲೇ ಓಡಿಸುತ್ತಿದ್ದೆ. ಉಸಿರು ತೆಗೆದುಕೊಳ್ಳುವ ಜಾಗ ಸರಿಯಾಗಿದ್ದರೆ ದನಿ ಆಮೇಲೆ ತಾನೇ ಬರುತ್ತದೆ.

ಮಕ್ಕಳಿಗೆ ಕಲಿಸಲು ಲಾಯಕ್ಕಿಲ್ಲ ಅಂತ ಅವಳನ್ನು ಕೆಲಸದಿಂದ ತೆಗೆಯುವ ವಿಷಯವೂ ಕೊನೆಗೆ ಬರುತ್ತದೆ. ಒಬ್ಬ ಟೀಚರ್ ಆಗಿ ನನಗೆ ನಾಟಕದಲ್ಲಿ ಎದೆಗೆ ತಾಗುವ ಮಾತು ಅದು. ಸುಲಭಾ ಅವರಿಗೂ ತಾಗಿರಬೇಕು ಅಂತ ಅಂದುಕೊಂಡಿದ್ದೇನೆ.

ಅವರ ಮುಂದಿನ ಬದುಕು ನೋಡಿದರೆ ಹಾಗೇ ಅನ್ನಿಸುತ್ತದೆ. ಬೇಣಾರೆಯಿಂದ ಬಂದ ಹೆಸರನ್ನು ಹಿಡಿದು ಅವರು ದೊಡ್ಡ ತಾರೆಯಾಗಲು ಓಡಲಿಲ್ಲ. 1971ರಲ್ಲಿ ಅರವಿಂದ್ ಮತ್ತು ಅವರು ಗೆಳೆಯರ ಜೊತೆ 'ಆವಿಷ್ಕಾರ್' ನಾಟಕ ತಂಡ ಕಟ್ಟಿದರು. ಕಾರ್ನಾಡರ 'ತುಘಲಕ್' ಮರಾಠಿಯಲ್ಲಿ ಅರವಿಂದ್ ನಿರ್ದೇಶನದಲ್ಲಿ ಬಂತು, ಅನುವಾದ ತೆಂಡೂಲ್ಕರ್ ಅವರದ್ದು. ಆಮೇಲೆ ಸುಲಭಾ ಪಾಠ ಮಾಡಿದ ಅದೇ ಛಬಿಲ್‌ದಾಸ್ ಶಾಲೆಯ ಹಾಲ್ ಪ್ರಯೋಗ ನಾಟಕಗಳ ಮನೆಯಾಯಿತು. ಮರಾಠಿಯವರು ಇವತ್ತಿಗೂ 'ಛಬಿಲ್‌ದಾಸ್ ಚಳವಳಿ' ಅಂತ ನೆನೆಯುತ್ತಾರೆ. ಮಕ್ಕಳಿಗಾಗಿ 'ಚಂದ್ರಶಾಲಾ' ವಿಭಾಗ ಶುರುವಾಯಿತು. 'ದುರ್ಗಾ ಝಾಲಿ ಗೌರಿ' ಎಂಬ ಮಕ್ಕಳ ನೃತ್ಯನಾಟಕ ವರ್ಷಗಟ್ಟಲೆ ನಡೆಯಿತು. 1987ರಲ್ಲಿ ಅರವಿಂದ್ ತೀರಿಕೊಂಡರು. ಸುಲಭಾ ಆವಿಷ್ಕಾರ್ ನಿಲ್ಲಲು ಬಿಡಲಿಲ್ಲ. ಅದೇ ವರ್ಷದ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಅವರಿಗೆ ಬಂತು.

ಸಿನಿಮಾದಲ್ಲಿ ಅವರಿಗೆ ಸಿಕ್ಕಿದ್ದು ಹೆಚ್ಚಾಗಿ ತಾಯಿ, ಅತ್ತೆ ಪಾತ್ರಗಳು. 'ಭೂಮಿಕಾ'ದಲ್ಲಿ ಸ್ಮಿತಾ ಪಾಟೀಲ್ ಅವರ ತಾಯಿ. 'ಚೌಕಟ್ ರಾಜಾ'ದಲ್ಲಿ ಬುದ್ಧಿ ಬೆಳೆಯದ ಮಗನ ತಾಯಿ. 2012ರ 'ಇಂಗ್ಲಿಷ್ ವಿಂಗ್ಲಿಷ್'ನಲ್ಲಿ ಶ್ರೀದೇವಿಯ ಅತ್ತೆ. ನನ್ನ ಸಹೋದ್ಯೋಗಿಗಳಿಗೆ ಅವರ ಗುರುತು ಹಿಡಿಯಲು ಬಂದದ್ದು ಆ ಅತ್ತೆಯಿಂದ ಮಾತ್ರ. ಬೇಣಾರೆ ಮಾಡಿದವರು ಇವರೇ ಅಂದಾಗ ನಂಬಲೇ ಇಲ್ಲ. ನನಗೆ ಇದು ಬೇಸರದ ಸಂಗತಿ. ರಂಗದ ಮೇಲೆ ಇಡೀ ನಾಟಕ ಹೊತ್ತವರಿಗೆ ಪರದೆ ಕೊಟ್ಟದ್ದು ಕೆಲವೇ ನಿಮಿಷ. ಆದರೂ ಆ ಕೆಲವು ನಿಮಿಷಗಳಲ್ಲೂ ಅವರು ಎದುರಿನವರ ಮಾತು ಕೇಳುವ ರೀತಿ ನೋಡಿ, ಅದೇ ಹಳೆಯ ಕಸುಬು. 2016ರ ಜೂನ್‌ನಲ್ಲಿ ಅವರು ತೀರಿಕೊಂಡರು.

ಬೇಣಾರೆ ಮುಗಿದ ಮೇಲೆ ನಾನು ಶಾಲೆಯಲ್ಲಿ ಸಂಜೆ ಹೊತ್ತು ಮಕ್ಕಳಿಗೆ ನಾಟಕ ಶುರು ಮಾಡಿದೆ. ಇದೂ ಚಂದ್ರಶಾಲಾ ಬಗ್ಗೆ ಓದಿ ಬಂದ ಆಸೆಯೇ. ಕನ್ನಡ ಶಾಲೆಗಳಲ್ಲಿ ಮಕ್ಕಳು ವರ್ಷ ವರ್ಷ ಕಮ್ಮಿಯಾಗುತ್ತಿದ್ದಾರೆ, ಆದ್ದರಿಂದ ಎಲ್ಲ ತರಗತಿಯವರನ್ನೂ ಒಟ್ಟಿಗೆ ಸೇರಿಸುತ್ತೇನೆ. ಮೊದಲ ಪಾಠ ಮಾತಾಡುವುದಲ್ಲ, ಕೇಳುವುದು. ಒಬ್ಬ ಹುಡುಗ ಮನೆಯಲ್ಲಿ ನಡೆದದ್ದನ್ನು ಹೇಳಬೇಕು, ಇನ್ನೊಬ್ಬ ತಲೆಯಾಡಿಸದೆ, ನಗದೆ ಕೇಳಿ, ಆಮೇಲೆ ಅದನ್ನೇ ತಿರುಗಿ ಹೇಳಬೇಕು. ದೊಡ್ಡವರಿಗಿಂತ ಬೇಗ ಕಲಿಯುತ್ತಾರೆ.

ನಮ್ಮ ತಂಡ ಈಗ ಮತ್ತೆ ಅದೇ ನಾಟಕ ಎತ್ತಿಕೊಂಡಿದೆ. ಬೇಣಾರೆಯನ್ನು ಮಾಡುವವಳು ಬ್ಯಾಂಕಿನಲ್ಲಿ ಕೆಲಸ ಮಾಡುವ ಹುಡುಗಿ. ನನ್ನದು ಮಿಸೆಸ್ ಕಾಶೀಕರ್. ಬೇಣಾರೆಯನ್ನು ಕೈಹಿಡಿದು ಕಟಕಟೆಗೆ ಎಳೆದೊಯ್ಯುವವಳು. ಹುಡುಗಿ ಹೋದ ವಾರ ಕೇಳಿದಳು, "ಅಕ್ಕಾ, ಸುಲಭಾ ದೇಶಪಾಂಡೆ ಸಿನಿಮಾ ಈಗಲೇ ನೋಡ್ಲಾ?" ಮೊದಲು ಒಂದು ದಿನ ರಜೆ ಹಾಕಿ ನನ್ನ ತರಗತಿಯ ಹಿಂದಿನ ಬೆಂಚಿನಲ್ಲಿ ಬಂದು ಕೂರು ಅಂದೆ. ಸೋಮವಾರ ಬರುತ್ತಾಳೆ.