ಬದು ಕೆರೆದೆ, ಮಿಡತೆ ಹೋಯ್ತು

ನಮ್ಮದು ಶಿಡ್ಲಘಟ್ಟ ತಾಲ್ಲೂಕು, ಒಂದೂಕಾಲು ಎಕರೆ ವಿ-1 ತಳಿಯ ಹಿಪ್ಪುನೇರಳೆ ಸೊಪ್ಪು. ರೇಷ್ಮೆಹುಳ ಮೇಯಿಸೋರಿಗೆ ರೆಕ್ಕೆಯಿಲ್ಲದ ಮಿಡತೆಯ ಪರಿಚಯ ಮಾಡಿಸಬೇಕಾಗಿಲ್ಲ. ಸಣಕಲು, ಹಸಿರು, ಕೈ ಚಾಚಿದರೆ ಕಡ್ಡಿಯ ಆ ಕಡೆಗೆ ಸರಿದು ಬಚ್ಚಿಟ್ಟುಕೊಳ್ಳುತ್ತೆ. ಮುಂಗಾರಲ್ಲಿ ತೋಟ ಚಿಗುರಿತು ಅಂದರೆ ಎಳೆ ಸೊಪ್ಪೆಲ್ಲ ಅದರ ಪಾಲು. ಬೇರೆ ಬೆಳೆಯಾಗಿದ್ದರೆ ಔಷಧಿ ಹೊಡೆದು ಮಲಗಬಹುದಿತ್ತು. ನಾವು ಹೊಡೆದದ್ದು ನಮ್ಮ ಹುಳದ ಹೊಟ್ಟೆಗೇ ಹೋಗೋದು.

ಹೊಡೆದೂ ನೋಡಿದ್ದೆ. ಹತ್ತು ದಿನ ಬಿಟ್ಟರೆ ಸಾಕು ಅಂದಿದ್ದರು, ಹನ್ನೆರಡು ಬಿಟ್ಟೆ. ನಾಲ್ಕನೇ ಜ್ವರದಿಂದ, ಅಂದರೆ ಕೊನೇ ಸಲ ಪೊರೆ ಬಿಟ್ಟು, ಎದ್ದ ಹುಳ ಎರಡನೇ ಮೇವಿಗೇ ತಲೆ ತಿರುಚಿ ಹಸಿರು ನೀರು ಕಕ್ಕಿತು. 150 ಮೊಟ್ಟೆ (ಒಂದು ಚಿಟ್ಟೆ ಇಟ್ಟದ್ದಷ್ಟೂ ನಮ್ಮ ಲೆಕ್ಕದಲ್ಲಿ ಒಂದು ಮೊಟ್ಟೆ), ಹೆಚ್ಚುಕಮ್ಮಿ ನಲವತ್ತು ಸಾವಿರ ರೂಪಾಯಿ ತಿಪ್ಪೆ ಪಾಲು. ಬೇವಿನೆಣ್ಣೆಗೆ ಹುಳ ಸಾಯಲಿಲ್ಲ, ಸೊಪ್ಪು ಮುಟ್ಟಲೂ ಇಲ್ಲ. ಆಮೇಲೆ ಸಾವಿರ ಚಿಲ್ಲರೆ ಕೊಟ್ಟು ದೀಪದ ಬಲೆ ತಂದೆ. ರೆಕ್ಕೆಯಿಲ್ಲದ್ದು ದೀಪಕ್ಕೆ ಹಾರಿ ಬರುತ್ತಾ ಅನ್ನೋ ಬುದ್ಧಿ ದುಡ್ಡು ಕೊಟ್ಟ ಮೇಲೆ ಬಂತು.

ಹಾರದ್ದು ನಡೆದೇ ಬರಬೇಕು. ಎಲ್ಲಿಂದ? ಬದುವಿಂದ. ಮಾರ್ಚಲ್ಲಿ ಇಬ್ಬರು ಆಳು, ಎರಡು ದಿನ, ಊಟ ಸೇರಿ ಮೂರು ಸಾವಿರ. ಬದುವಿನ ಮೈ ಮೂರು ನಾಲ್ಕು ಬೆರಳಾಳ ಕೆರೆಸಿದೆ. ಮಣ್ಣು ಮೆತ್ತಿದ ಪುಟ್ಟ ಉಂಡೆಗಳು ಎದ್ದವು. ಉಗುರಲ್ಲಿ ಬಿಡಿಸಿದರೆ ಒಳಗೆ ಅಕ್ಕಿಕಾಳಿನಂಥ ಮಿಡತೆ ಮೊಟ್ಟೆ. ಮಧ್ಯಾಹ್ನದೊಳಗೆ ಗೊರವಂಕಗಳೇ ಅರ್ಧ ಮುಗಿಸಿದವು, ಉಳಿದದ್ದನ್ನು ಬಿಸಿಲು ನೋಡಿಕೊಂಡಿತು.

ಜೂನಲ್ಲಿ ಎರಡು ತಿಂಗಳ ಮೂವತ್ತು ನಾಟಿ ಕೋಳಿ ಬಿಟ್ಟೆ. ಮರಿಮಿಡತೆ ಮೊದಲು ಬದುವಿನ ಹುಲ್ಲಲ್ಲೇ ಇರುತ್ತೆ, ಆಗಲೇ ಹಿಡಿಯಬೇಕು. “ಏನ್ ಮಾವ, ರೇಷ್ಮೆ ಬಿಟ್ಟು ಕೋಳಿ ಫಾರಂ ಮಾಡ್ಬಿಟ್ಯಾ?” ಅಂತ ಡೈರಿ ಹತ್ತಿರ ನಕ್ಕವರೇ ಎಲ್ಲ. ಕೋಳಿ ಬದು ಬಿಟ್ಟು ತೋಟದೊಳಗೆ ನುಗ್ಗಿ ಬುಡ ಕೆದಕದ ಹಾಗೆ ಮಾಡೋದು ಹೇಗೆ? ಅದು ನನ್ನ ಹತ್ತಿರವೇ ಇರಲಿ.

2020ರಲ್ಲಿ ಮರುಭೂಮಿ ಮಿಡತೆ ದಂಡು ಬಂತು ಅಂತ ಕೋಲಾರದ ಕಡೆಯವರನ್ನು ಹೆದರಿಸಿತ್ತಲ್ಲ, ಎಕ್ಕದ ಗಿಡದ ಹಳದಿ ಪಟ್ಟೆ ಮಿಡತೆ, ಅದನ್ನೂ ಒಮ್ಮೆ ಕೋಳಿಗೆ ಎಸೆದೆ. ಹುಂಜ ಒಂದು ಸಲ ಕುಕ್ಕಿ, ಕೊಕ್ಕನ್ನು ನೆಲಕ್ಕೆ ಉಜ್ಜಿ ಉಜ್ಜಿ ಒರೆಸಿಕೊಂಡಿತು. ಎಕ್ಕದ ವಿಷ ಅದರ ಮೈಯಲ್ಲೇ ಇರುತ್ತೆ. ಎಕ್ಕ ಬಿಟ್ಟು ನಮ್ಮ ಸೊಪ್ಪಿನ ತಂಟೆಗೆ ಬಂದದ್ದನ್ನು ನಾನಂತೂ ಕಂಡಿಲ್ಲ.

ಮೊದಲ ವರ್ಷ ಅರ್ಧ ಮಾತ್ರ ಗೆದ್ದೆ. ಪಕ್ಕದ ಹೊಲದವರ ಜೊತೆಗಿರೋ ಬದುವಿನ ಆ ಮಗ್ಗುಲು ಹಾಗೇ ಉಳಿದಿತ್ತು. ಎರಡನೇ ವರ್ಷ ನನ್ನ ಖರ್ಚಲ್ಲೇ ಅದನ್ನೂ ಕೆರೆಸಿದೆ, ಎಂಟುನೂರು. ಆ ಮುಂಗಾರಲ್ಲಿ ನೂರು ಕಡ್ಡಿ ನೋಡಿದರೆ ನಾಲ್ಕೈದರಲ್ಲಿ ಮಿಡತೆ, ಮೊದಲು ಮೂವತ್ತಕ್ಕೆ ಕಮ್ಮಿ ಇರಲಿಲ್ಲ. 100 ಮೊಟ್ಟೆಗೆ ಎಪ್ಪತ್ತು ಕೆಜಿ ಹತ್ತಿರ ಗೂಡು. ಕೋಳಿಗಳಲ್ಲಿ ನಾಲ್ಕು ನಾಯಿ ಪಾಲು. ಹುಂಜಗಳು ವರ್ಷತೊಡಕಿಗೆ ಒಳ್ಳೇ ರೇಟಿಗೆ ಹೋದವು. ಡೈರಿ ಹತ್ತಿರ ನಕ್ಕವರಲ್ಲೇ ಇಬ್ಬರು ತಗೊಂಡಿದ್ದು.