ಏಲ್, ಬಾಳ್, ಅಶೇರ: ಉಗಾರಿತ್ ಫಲಕಗಳನ್ನು ಪಕ್ಕದಲ್ಲಿಟ್ಟುಕೊಂಡು ಬೈಬಲ್ ಓದುವ ಕ್ರಮ

ಹೀಬ್ರೂ ಬೈಬಲಿನಲ್ಲಿ ಕಾನಾನ್ ದೇವತೆಗಳ ಸುದ್ದಿ ಸಿಗುವುದು ಅವರನ್ನು ಒಪ್ಪದವರ ಬಾಯಿಂದ. ಮಳೆಯ ದೇವರಾದ ಬಾಳನ ಭಕ್ತರು ಅವನನ್ನು ಹೇಗೆ ಹಾಡಿದರು ಎಂದು ಗೊತ್ತಾಗಿದ್ದು, ಸಿರಿಯಾ ಕರಾವಳಿಯ ರಾಸ್ ಶಮ್ರಾದಲ್ಲಿ 1929ರಲ್ಲಿ ಉತ್ಖನನ ಶುರುವಾಗಿ ಉಗಾರಿತ್ ಪಟ್ಟಣದ ಮಣ್ಣಿನ ಫಲಕಗಳು ಹೊರಬಂದ ಮೇಲೆ. ಎರಡನ್ನೂ ಜೋಡಿಸಿ ಓದಲು ಕೂತವರು ಮೊದಲು ಎಡವುವುದು ಎಲ್ಲ ದೇವತೆಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗಿ. ದೇವತೆಗಳ ಹಿರಿಯನಾದ ಏಲ್, ಇಸ್ರಾಯೇಲ್ಯರ ದೇವರು ಯೆಹೋವನಲ್ಲಿ ಬೆರೆತುಹೋದ. ಬಾಳನ ಜೊತೆ ಜಗಳ ನಡೆಯಿತು, ಆದರೆ ಅವನ ಬಿರುದುಗಳು ಯೆಹೋವನಿಗೆ ಬಂದವು. ಏಲನ ಪತ್ನಿ ಅಶೇರಳನ್ನು ಗುಡಿಯಿಂದ ಹೊರಗೆ ಹಾಕಲಾಯಿತು. ಯಾವ ವಚನ ಹಿಡಿದರೂ ಈ ಮೂರರಲ್ಲಿ ಯಾವ ಗತಿ ಕಾಣುತ್ತಿದೆ ಎಂದು ಮೊದಲು ಕೇಳಿಕೊಳ್ಳಿ.

ಕನ್ನಡ ಬೈಬಲಿನಲ್ಲಿ ‘ಯೆಹೋವ’ ಎಂದು ಹೆಸರು ಉಳಿಸಿಕೊಂಡ ಅನುವಾದ ತೆಗೆದುಕೊಳ್ಳಿ. ‘ಸರ್ವೇಶ್ವರ’ ಎಂದಿರುವುದರಲ್ಲಿ ಎರಡು ಹೆಸರುಗಳ ಪೈಪೋಟಿ ಮಸುಕಾಗುತ್ತದೆ. ಉಗಾರಿತ್ ಪಠ್ಯಗಳಿಗೆ ಕೆಟಿಯು (KTU, ಆ ಪಠ್ಯಗಳ ವಿದ್ವತ್ ಸಂಕಲನ) ಸಂಖ್ಯೆ ಕೊಟ್ಟಿರುವ ಅನುವಾದವೇ ಬೇಕು. ‘ಕೆಟಿಯು 1.5, ಅಂಕಣ 1, ಸಾಲು 1–3’ ಎಂದರೆ ಮೊದಲ 1 ಪುರಾಣ ಮತ್ತು ಪೂಜಾಪಠ್ಯಗಳ ವರ್ಗ, 5 ಆ ವರ್ಗದ ಐದನೇ ಪಠ್ಯ. ಬಾಳನ ಕಥಾಚಕ್ರ 1.1ರಿಂದ 1.6ರವರೆಗೆ ಆರು ಫಲಕಗಳಲ್ಲಿದೆ.

ಚೌಕ ಕಂಸ ಕಂಡಲ್ಲಿ ನಿಲ್ಲಿ. ಅಲ್ಲಿ ಮಣ್ಣು ಒಡೆದಿದೆ, ಒಳಗಿರುವುದು ಸಂಪಾದಕರ ಊಹೆ. ಮೇಕೆಮರಿಯನ್ನು ಅದರ ತಾಯಿಯ ಹಾಲಿನಲ್ಲಿ ಬೇಯಿಸಬಾರದೆಂಬ ನಿಷೇಧ (ವಿಮೋಚನಕಾಂಡ 23:19) ಕಾನಾನ್ಯರ ಪೂಜೆಯೊಂದಕ್ಕೆ ವಿರೋಧವಾಗಿ ಬಂತು ಎಂಬ ಮಾತು ದಶಕಗಳ ಕಾಲ ಓಡಾಡಿತು. ಅದಕ್ಕೆ ಆಧಾರ ಕೆಟಿಯು 1.23ರ 14ನೇ ಸಾಲನ್ನು ಹಾಗೆ ತುಂಬಿ ಓದಿದ್ದು. ಫಲಕವನ್ನು ಮತ್ತೆ ಪರೀಕ್ಷಿಸಿದಾಗ ಆ ಓದು ನಿಲ್ಲಲಿಲ್ಲ. ಈಗಲೂ ಅದನ್ನು ಪ್ರವಚನಗಳಲ್ಲಿ ಧಾರಾಳವಾಗಿ ಹೇಳುವುದುಂಟು.

ಇನ್ನೊಂದು ಸಣ್ಣ ತೊಡಕು ವಚನಸಂಖ್ಯೆಯದು. ಹೀಬ್ರೂ ಮುದ್ರಣದಲ್ಲಿ ಅನೇಕ ಕೀರ್ತನೆಗಳ ತಲೆಬರಹವೂ ಒಂದು ವಚನ. ಹಾಗಾಗಿ ನಮ್ಮ 48:2 ಅಲ್ಲಿ 48:3 ಆಗುತ್ತದೆ. ಅಧ್ಯಾಯ ಒಡೆಯುವ ಜಾಗವೇ ಬೇರೆಯಾದ್ದರಿಂದ ಹೋಶೇಯ 2:16 ಅಲ್ಲಿ 2:18.

ಏಲ್‌ನಿಂದ ಶುರು ಮಾಡುವುದು ಸುಲಭ. ಉಗಾರಿತ್‌ನಲ್ಲಿ ಅವನು ದೇವಸಭೆಯ ಹಿರಿಯ, ಎರಡು ನದಿಗಳ ಮೂಲದಲ್ಲಿ ವಾಸ, ಬಿರುದು ‘ಗೂಳಿ’. ಬಾಳನನ್ನು ಬೈಯುವ ಪ್ರವಾದಿಗಳು ಏಲನನ್ನು ಎಲ್ಲೂ ಬೈಯುವುದಿಲ್ಲ. ವಿಮೋಚನಕಾಂಡ 6:3ರಲ್ಲಿ ಯೆಹೋವನೇ, ಪೂರ್ವಜರಿಗೆ ತಾನು ಏಲ್ ಶದ್ದೈ ಆಗಿ ಕಾಣಿಸಿಕೊಂಡೆ ಎನ್ನುತ್ತಾನೆ. ಇದರ ಜೊತೆ ಧರ್ಮೋಪದೇಶಕಾಂಡ 32:8–9 ಇಟ್ಟು ನೋಡಿ. ಪರಾತ್ಪರನು ಜನಾಂಗಗಳನ್ನು ಹಂಚಿದ್ದು ‘ಇಸ್ರಾಯೇಲನ ಮಕ್ಕಳ’ ಸಂಖ್ಯೆಗೆ ತಕ್ಕಂತೆ ಎನ್ನುತ್ತದೆ ಸಾಂಪ್ರದಾಯಿಕ ಹೀಬ್ರೂ ಪಾಠ. ಮೃತಸಮುದ್ರದ ಬಳಿಯ ಕುಮ್ರಾನ್‌ನಲ್ಲಿ ಸಿಕ್ಕ ಹಳೆಯ ಸುರುಳಿಯಲ್ಲಿರುವುದು ‘ದೇವರ ಮಕ್ಕಳು’. ಉಗಾರಿತ್‌ನಲ್ಲಿ ಏಲನ ಪತ್ನಿ ಅಥಿರತ್‌ಗೆ, ಅಂದರೆ ಬೈಬಲಿನ ಅಶೇರಳಿಗೆ, ಎಪ್ಪತ್ತು ಮಕ್ಕಳು. ಹಳೆಯ ದೇವಸಭೆಯ ನೆನಪು ಅಲ್ಲಿ ಉಳಿದಿತ್ತು, ಆಮೇಲೆ ಯಾರೋ ತಿದ್ದಿದರು ಎಂಬುದೇ ಸರಿಯಾದ ವಿವರಣೆ ಅನಿಸುತ್ತದೆ.

ಬಾಳನ ವಿಷಯಕ್ಕೆ ಬಂದಾಗ ಯೆಶಾಯ 27:1ರಿಂದ ಕೈ ಪಳಗಿಸಿಕೊಳ್ಳಿ. ಯೆಹೋವ ಕೊಲ್ಲುವ ಲಿವ್ಯಾತಾನನಿಗೆ ಅಲ್ಲಿ ಎರಡು ವಿಶೇಷಣಗಳಿವೆ: ಓಡುವ ಸರ್ಪ, ಸುತ್ತಿಕೊಂಡ ಸರ್ಪ. ಕೆಟಿಯು 1.5ರ ಆರಂಭದಲ್ಲಿ ಬಾಳ್ ಕೊಂದ ಲಿತಾನನಿಗೂ ಇವೇ ಎರಡು, ಇದೇ ಕ್ರಮದಲ್ಲಿ. ಹೀಬ್ರೂವಿನ ‘ಬಾರಿಅಹ್’, ‘ಅಕಲ್ಲಾತೋನ್’ ಪದಗಳಿಗೆ ಉಗಾರಿತ್‌ನಲ್ಲೂ ಅದೇ ಧಾತು. ಹಾಗೆಂದು ಯೆಶಾಯನ ಕವಿ ಆ ಫಲಕ ನೋಡಿ ನಕಲು ಮಾಡಿದ ಎನ್ನಬೇಡಿ. ಉಗಾರಿತ್ ಕ್ರಿ.ಪೂ. 1185ರ ಸುಮಾರಿಗೆ ನಾಶವಾಗಿ ಮಣ್ಣುಪಾಲಾಗಿತ್ತು. ಉಳಿದದ್ದು ಆ ಸೀಮೆಯ ಬಾಯಿಮಾತಿನ ಕಾವ್ಯ. ಉಗಾರಿತ್‌ನವರು ತಮ್ಮ ಲೆಕ್ಕದ ಫಲಕದಲ್ಲಿ ‘ಕಾನಾನ್ಯ’ನನ್ನು ಹೊರಗಿನವನಾಗಿ ಬರೆದಿದ್ದಾರೆ ಎಂಬುದೂ ನೆನಪಿರಲಿ, ಅವರ ಬಾಳ್ ಬೈಬಲಿನ ಕರ್ಮೆಲ್ ಬೆಟ್ಟದ ಕಥೆಯ ಬಾಳನಿಗೆ ಹತ್ತಿರದವನು, ಅವನೇ ಅಲ್ಲ.

ಈಗ 1 ಅರಸುಗಳು 18: ಬರಗಾಲದಲ್ಲಿ ಯೆಹೋವನ ಪ್ರವಾದಿ ಎಲೀಯ ಕರ್ಮೆಲ್ ಬೆಟ್ಟದಲ್ಲಿ, ಬಲಿಗೆ ಬೆಂಕಿ ಕಳಿಸುವವನೇ ದೇವರು ಎಂದು ಬಾಳನ ಪ್ರವಾದಿಗಳಿಗೆ ಸವಾಲು ಹಾಕುವ ಕಥೆ. ಬೆಂಕಿಯ ಪವಾಡದ ಮೇಲೆ ಕಣ್ಣು ನೆಟ್ಟವರಿಗೆ ಕಥೆಯ ಗಂಟು ಕಾಣುವುದಿಲ್ಲ. ಗಂಟು ಇರುವುದು ಮಳೆಯಲ್ಲಿ. ಮಳೆ ಬಾಳನ ಕಸುಬು. ಕಥಾಚಕ್ರದಲ್ಲಿ ಅವನನ್ನು ಮೃತ್ಯುದೇವ ಮೋತ್ ನುಂಗಿದಾಗ ಹೊಲದ ಸಾಲುಗಳು ಒಣಗುತ್ತವೆ. ಸುದ್ದಿ ಕೇಳಿದ ಏಲ್ ಸಿಂಹಾಸನದಿಂದಿಳಿದು ನೆಲದ ಮೇಲೆ ಕೂತು, ತಲೆಗೆ ಧೂಳು ಸುರಿದುಕೊಂಡು, ಕೆನ್ನೆ ಗಲ್ಲ ಕೊಯ್ದುಕೊಂಡು, ಎದೆಯನ್ನು ತೋಟದಂತೆ ಉಳುತ್ತಾನೆ. ಇದನ್ನು ಓದಿ 18:28ಕ್ಕೆ ಬನ್ನಿ: ಬಾಳನ ಪ್ರವಾದಿಗಳು ರಕ್ತ ಸುರಿಯುವಂತೆ ಮೈ ಕೊಯ್ದುಕೊಳ್ಳುತ್ತಾರೆ. ಬರಗಾಲದಲ್ಲಿ ಅದು ಸತ್ತ ದೇವರಿಗಾಗಿ ಶೋಕವೂ ಆಗಿರಬಹುದು. ಎಲೀಯನೋ, ನಾಲ್ಕು ಕೊಡ ನೀರನ್ನು ಮೂರು ಸಲ ಬಲಿಪೀಠದ ಮೇಲೆ ಸುರಿಸುತ್ತಾನೆ, ಬರಗಾಲದಲ್ಲಿ ಹನ್ನೆರಡು ಕೊಡ! 19ನೇ ವಚನದಲ್ಲಿ ಬಾಳನ 450 ಪ್ರವಾದಿಗಳ ಜೊತೆ ಅಶೇರಳ 400 ಮಂದಿಯೂ ಇದ್ದಾರೆ. ಕೊನೆಗೆ ಅವರು ಸತ್ತರೆಂದು ಕಥೆ ಹೇಳುವುದೇ ಇಲ್ಲ.

ಜನರ ಹೆಸರುಗಳನ್ನೂ ಬಿಡಬೇಡಿ. ಇಸ್ರಾಯೇಲಿನ ಅರಸ ಸೌಲನ ಮಗ 1 ಪೂರ್ವಕಾಲವೃತ್ತಾಂತ 8:33ರಲ್ಲಿ ಎಷ್ಬಾಳ, 2 ಸಮುವೇಲದಲ್ಲಿ ಈಷ್ಬೋಶೆತ್. ‘ಬೋಶೆತ್’ ಎಂದರೆ ನಾಚಿಕೆ, ‘ಬಾಳ್’ ಇದ್ದ ಜಾಗದಲ್ಲಿ ಕೂತ ಪದ. ಯೆಹೋವನನ್ನೇ ‘ಬಾಳ್’, ಅಂದರೆ ಒಡೆಯ, ಎಂದು ಕರೆಯುವುದು ಒಂದು ಕಾಲಕ್ಕೆ ತಪ್ಪಾಗಿರಲಿಲ್ಲ. ಇನ್ನು ಹಾಗೆ ಕರೆಯಬೇಡಿ ಎನ್ನುತ್ತದೆ ಹೋಶೇಯ 2:16.

ಅಶೇರಳಲ್ಲಿ ಅವಸರ ಬೇಡ. ಹೀಬ್ರೂವಿನಲ್ಲಿ ಆ ಪದ ದೇವಿಗೂ ಸಲ್ಲುತ್ತದೆ, ಬಲಿಪೀಠದ ಪಕ್ಕ ನೆಡುವ ಕಂಬಕ್ಕೂ ಸಲ್ಲುತ್ತದೆ. ಕಡಿದರು, ಸುಟ್ಟರು, ನೆಟ್ಟರು ಎಂದಿದ್ದರೆ ಕಂಬ. ಪ್ರವಾದಿಗಳು ಇದ್ದರೆ, ಅವಳಿಗೆ ಬಟ್ಟೆ ನೇಯ್ದರೆ (2 ಅರಸುಗಳು 23:7), ದೇವಿ. ಸಿನಾಯ್‌ನ ಕುಂತಿಲ್ಲೆತ್ ಅಜ್ರೂದ್‌ನಲ್ಲಿ 1975–76ರಲ್ಲಿ ಸಿಕ್ಕ ಕ್ರಿ.ಪೂ. 800ರ ಆಸುಪಾಸಿನ ಜಾಡಿಯ ಮೇಲೆ ‘ಸಮಾರ್ಯದ ಯೆಹೋವ ಮತ್ತು ಅವನ ಅಶೇರ’ ಎಂದಿದೆ. ಹೀಬ್ರೂವಿನಲ್ಲಿ ವ್ಯಕ್ತಿನಾಮಕ್ಕೆ ‘ಅವನ’ ಎಂಬ ಪ್ರತ್ಯಯ ಸಾಮಾನ್ಯವಾಗಿ ಹತ್ತುವುದಿಲ್ಲ, ಆದ್ದರಿಂದ ಕಂಬ ಎನ್ನುವವರ ವಾದಕ್ಕೆ ಬಲವಿದೆ. ಜಾಡಿಯ ಮೇಲೆ ಆ ಬರಹದ ಪಕ್ಕ ಇರುವ ಜೋಡಿಯ ಚಿತ್ರವನ್ನು ‘ಯೆಹೋವ ದಂಪತಿ’ ಎಂದು ಹಂಚಿಕೊಳ್ಳುವುದನ್ನಂತೂ ನಿಲ್ಲಿಸಬೇಕು. ಆ ಜೋಡಿಯ ಚಹರೆ ಈಜಿಪ್ಟಿನ ಬೆಸ್ ದೇವತೆಯದು. ಹಾಗೆಯೇ ಅಷ್ಟೋರೆತ್ ಬೇರೆ ದೇವಿ, ಅಶೇರ ಅಲ್ಲ.

ಮುಂದಿನ ಅಭ್ಯಾಸಕ್ಕೆ ಕೀರ್ತನೆ 29 ಹಿಡಿಯಿರಿ. ‘ಯೆಹೋವನ ಧ್ವನಿ’ ಎಷ್ಟು ಸಲ ಬರುತ್ತದೆ ಎಂದು ಗುರುತು ಹಾಕಿ, ಏಳು ಸಿಗಬೇಕು. ಗುಡುಗು, ಲೆಬನೋನಿನ ದೇವದಾರು, ಸಿರ್ಯೋನ್ ಬೆಟ್ಟ ಎಲ್ಲ ಗುರುತಿಸಿ, ಜಲಪ್ರಳಯದ ಮೇಲೆ ಆಸೀನನಾದವನು ಎಂಬ 10ನೇ ವಚನವನ್ನು ಸಮುದ್ರದೇವ ಯಮ್‌ನನ್ನು ಬಾಳ್ ಹೊಡೆದುರುಳಿಸುವ ಕೆಟಿಯು 1.2ರ ಜೊತೆ ಇಟ್ಟು ಓದಿ.