ಮೆತ್ತಿನ ಮೆಟ್ಟಿಲಿನ ಸದ್ದು ನಿಲ್ಲಿಸಿದ್ದು

ಶಿರಸಿ ತಾಲ್ಲೂಕಿನ ನಮ್ಮ ಹಳೆಯ ಮನೆಯಲ್ಲಿ ಮೆತ್ತಿಗೆ, ಅಂದರೆ ಮಹಡಿಗೆ, ಹತ್ತಲು ಹದಿಮೂರು ಮರದ ಮೆಟ್ಟಿಲುಗಳಿವೆ. ಕಾಲಿಡುವ ಹಲಗೆಗಳು ಹಲಸಿನವು, ಒಂದಿಂಚು ದಪ್ಪ. ಅವುಗಳ ಎರಡೂ ತುದಿಗಳು ಪಕ್ಕದ ದಪ್ಪ ಹಲಗೆಗಳಲ್ಲಿ ಕೊರೆದ ತೋಡಿನೊಳಗೆ ಕೂತಿವೆ. ಆಯಿ ಮಲಗುವ ಕೋಣೆ ಮೆಟ್ಟಿಲಿಗೆ ಒತ್ತಿಕೊಂಡೇ ಇರುವುದರಿಂದ, ಮಗಳು ರಾತ್ರಿ ಓದು ಮುಗಿಸಿ ಕೆಳಗಿಳಿದಾಗಲೆಲ್ಲ ಆ ಕಿರುಗುಟ್ಟುವ ಸದ್ದಿಗೆ ಆಯಿಗೆ ಎಚ್ಚರವಾಗಿ, ಮತ್ತೆ ನಿದ್ದೆ ಹತ್ತುತ್ತಿರಲಿಲ್ಲ.

ಮೊದಲ ಸಲ ನಾನು ಕೈಹಾಕಿದ್ದು ಜೂನ್ ತಿಂಗಳ ಆರಂಭದಲ್ಲಿ. ಸಂದುಗಳಿಗೆಲ್ಲ ಮೇಣದ ಬತ್ತಿ ಉಜ್ಜಿದೆ. ಕೆಲವೇ ವಾರಗಳಲ್ಲಿ ಸದ್ದು ಅಡಗಿತು, ಕೆಲಸ ಮುಗಿಯಿತೆಂದುಕೊಂಡೆ. ಅದು ಮೇಣದ ಗುಣವಾಗಿರಲಿಲ್ಲ, ಮಳೆಗಾಲದ್ದು. ತೇವ ಹೀರಿದ ಮರ ಎಳೆಗೆ ಅಡ್ಡಲಾಗಿ ಉಬ್ಬುತ್ತದೆ, ಉದ್ದಕ್ಕೆ ಬಹುತೇಕ ಬೆಳೆಯುವುದಿಲ್ಲ; ಹಲಗೆಯ ದಪ್ಪ ತುಸು ಹೆಚ್ಚಿದ್ದರಿಂದ ತೋಡು ತಾನಾಗಿ ಬಿಗಿಯಾಗಿತ್ತು. ಜನವರಿಯ ಒಣಹವೆಯಲ್ಲಿ ಮರ ಕುಗ್ಗಿ, ಸದ್ದು ಮೊದಲಿನಂತೆಯೇ ಮರಳಿತು. ಆದ್ದರಿಂದ ಇಂಥ ಕೆಲಸವನ್ನು ಸಂದುಗಳು ಪೂರ್ತಿ ಬಾಯ್ತೆರೆದಿರುವ ಫೆಬ್ರವರಿ, ಮಾರ್ಚ್‌ನಲ್ಲಿ ಮಾಡುವುದೇ ಸರಿ ಎಂಬುದು ನನ್ನ ಖಚಿತ ಅಭಿಪ್ರಾಯ.

ಎರಡನೆಯ ಸಲ ಅರ್ಧ ದಿನವನ್ನು ಹುಡುಕುವುದಕ್ಕೇ ಕೊಟ್ಟೆ. ಮಗಳು ಒಂದೊಂದೇ ಮೆಟ್ಟಿಲಿನ ಎಡಕ್ಕೆ, ನಡುವೆ, ಬಲಕ್ಕೆ ಭಾರ ಹಾಕಿ ನಿಲ್ಲುತ್ತಿದ್ದಳು; ನಾನು ಬ್ಯಾಟರಿ ಹಿಡಿದು ಕೆಳಗೆ ಕೂತು, ಸಂದಿನ ಮೇಲೆ ಬೆರಳಿಟ್ಟು ನೋಡುತ್ತಿದ್ದೆ. ಕಿವಿ ಇಲ್ಲಿ ಮೋಸ ಮಾಡುತ್ತದೆ, ಏಕೆಂದರೆ ಪಕ್ಕದ ಹಲಗೆಯುದ್ದಕ್ಕೂ ಸದ್ದು ಹರಿದು ಬೇರೆ ಮೆಟ್ಟಿಲಿನಿಂದ ಬಂದಂತೆ ಕೇಳಿಸುತ್ತದೆ. ಅಲುಗಾಟ ಮಾತ್ರ ಬೆರಳಿಗೆ ತಪ್ಪದೆ ಸಿಗುತ್ತದೆ. ಎಲ್ಲ ಮೆಟ್ಟಿಲುಗಳೂ ಕಿರುಗುಟ್ಟುತ್ತವೆ ಎಂದುಕೊಂಡಿದ್ದೆವು. ಸುಣ್ಣದ ಕಡ್ಡಿಯಿಂದ ಗುರುತು ಹಾಕಿದ್ದು ಐದಕ್ಕೆ ಮಾತ್ರ. ಅವುಗಳ ಪೈಕಿ ಎರಡರಲ್ಲಿ ಹಿಂದೆಂದೋ ಹೊಡೆದ ಮೊಳೆಗಳು ತುಕ್ಕು ಹಿಡಿದು ಸಡಿಲವಾಗಿದ್ದವು. ಕಾಲಿಟ್ಟಾಗ ಹಲಗೆ ಮೊಳೆಯ ಮೇಲೆ ಕೆಳಗಿಳಿದು, ಕಾಲು ತೆಗೆದಾಗ ಮೇಲೇರುವ ಆ ಕೂದಲೆಳೆಯಷ್ಟು ಓಡಾಟವೇ ಸದ್ದಿನ ಮೂಲ. ಉಳಿದ ಮೂರರಲ್ಲಿ ಹಲಗೆಯ ತುದಿ ತೋಡಿನೊಳಗೆ ತಿಕ್ಕುತ್ತಿತ್ತು. ಗೆದ್ದಲು ತಿಂದಿದೆಯೇ ಎಂದು ಚಾಕುವಿನ ಮೊನೆ ಚುಚ್ಚಿಯೂ ನೋಡಿದೆ. ಮೊನೆ ಸಲೀಸಾಗಿ ಇಳಿದರೆ ಆ ಹಲಗೆಯನ್ನೇ ಬದಲಿಸಬೇಕು. ನಮ್ಮಲ್ಲಿ ಹಾಗಾಗಿರಲಿಲ್ಲ.

ಮೊಳೆಗಳನ್ನು ಕಿತ್ತು, ಅವುಗಳ ಪಕ್ಕದಲ್ಲಿ ಹೊಸ ಜಾಗ ನೋಡಿ, 8ನೇ ನಂಬರಿನ ಎರಡಿಂಚಿನ ಸ್ಟೀಲ್ ಸ್ಕ್ರೂ ಹಾಕಿದೆ. ಮೇಲಿನ ಹಲಗೆಗೆ 4.5 ಮಿಲಿಮೀಟರ್ ರಂಧ್ರ, ಕೆಳಗಿನ ಆಸರೆಯ ಕಟ್ಟಿಗೆಗೆ 3 ಮಿಲಿಮೀಟರ್ ರಂಧ್ರ ಕೊರೆಯಲೇಬೇಕು. ಮೇಲಿನದು ಅಗಲವಾಗಿದ್ದರೆ ಮಾತ್ರ ಸ್ಕ್ರೂ ಹಲಗೆಯನ್ನು ಕೆಳಕ್ಕೆ ಎಳೆದು ಕೂರಿಸುತ್ತದೆ. ಎರಡೂ ಒಂದೇ ಅಳತೆಯಾದರೆ ನಡುವಿನ ಸಂದು ಹಾಗೆಯೇ ಉಳಿಯುತ್ತದೆ.

ತೋಡಿನ ಸಡಿಲಕ್ಕೆ ಒಣಗಿದ ಹಲಸಿನ ತುಂಡಿನಿಂದಲೇ ತೆಳ್ಳನೆಯ ಬೆಣೆಗಳನ್ನು ಕೆತ್ತಿದೆ. ಹಿಂದಿನ ವರ್ಷ ಉಜ್ಜಿದ ಮೇಣ ಇಲ್ಲಿ ತೊಂದರೆ ಕೊಟ್ಟಿತು, ಏಕೆಂದರೆ ಮೇಣದ ಮೇಲೆ ಅಂಟು ಹಿಡಿಯುವುದಿಲ್ಲ. ಉಳಿಯಿಂದ ಕೆರೆದು ತೆಗೆಯುವುದರಲ್ಲಿ ಒಂದು ಸಂಜೆ ಕಳೆಯಿತು. ಬಳಿಕ ನೀರು ತಡೆಯುವ ಬಗೆಯ ಫೆವಿಕಾಲ್ ಸವರಿ, ಬೆಣೆಗಳನ್ನು ಕೆಳಗಿನಿಂದ ಸಣ್ಣ ಸುತ್ತಿಗೆಯಲ್ಲಿ ಬಡಿದೆ. ಮೊದಲ ಪೆಟ್ಟುಗಳಿಗೆ ಟೊಳ್ಳಾಗಿ ಕೇಳುವ ಸದ್ದು ಗಟ್ಟಿಯಾಗುತ್ತಿದ್ದಂತೆ ಕೈ ನಿಲ್ಲಿಸಬೇಕು. ನಾಲ್ಕನೆಯ ಮೆಟ್ಟಿಲಿನಲ್ಲಿ ಅದಾದ ಮೇಲೂ ಎರಡು ಪೆಟ್ಟು ಹಾಕಿದ್ದೆ. ಜುಲೈನಲ್ಲಿ ಮರ ಉಬ್ಬಿದಾಗ ಪಕ್ಕದ ಹಲಗೆಯಲ್ಲಿ ಬೆರಳುದ್ದದ ಬಿರುಕು ಮೂಡಿತು. ಆ ಬೆಣೆಯನ್ನು ಒಡೆದು ತೆಗೆದು, ಬಿರುಕಿಗೆ ಅಂಟು ತುಂಬಿ, ಮಳೆ ಮುಗಿದ ಮೇಲೆ ತೆಳುವಾದ ಇನ್ನೊಂದನ್ನು ಕೂರಿಸಿದೆ.

ಆಮೇಲೆ ಎರಡು ಬೇಸಿಗೆ ಕಳೆದಿವೆ. ಒಂಬತ್ತನೆಯ ಮೆಟ್ಟಿಲಿನ ಬಲಗಡೆಯ ಬೆಣೆಯನ್ನು ಮಾತ್ರ ಈ ಫೆಬ್ರವರಿಯಲ್ಲಿ ಇನ್ನೊಮ್ಮೆ ಬಡಿಯಬೇಕಾಯಿತು.